ಸೂತ್ರದ ಗಂಟು ಬಿಚ್ಚಿದ ಬಗೆ

ಒಂಬತ್ತನೇ ತರಗತಿಯ ಅರ್ಧವಾರ್ಷಿಕ ಪರೀಕ್ಷೆಯಲ್ಲಿ ಒಂದು ಪ್ರಶ್ನೆ ಬಂದಿತ್ತು. ತ್ರಾಪಿಜ್ಯದ ವಿಸ್ತೀರ್ಣ 84 ಚದರ ಸೆಂ.ಮೀ., ಸಮಾಂತರ ಬಾಹುಗಳು 8 ಮತ್ತು 6 ಸೆಂ.ಮೀ.; ಎತ್ತರವೆಷ್ಟು? ವಿಸ್ತೀರ್ಣದ ಸೂತ್ರ ನನಗೆ ಬಾಯಿಪಾಠವಾಗಿತ್ತು. ಎತ್ತರಕ್ಕೆ ಬೇರೆ ಸೂತ್ರವಿರಬೇಕು, ಅದು ನನಗೆ ಗೊತ್ತಿಲ್ಲ ಎಂದುಕೊಂಡು ಜಾಗ ಖಾಲಿ ಬಿಟ್ಟೆ. ಗಣಿತ ನನಗೆ ಹತ್ತುವ ವಿದ್ಯೆಯಲ್ಲ ಎಂದು ಅಂದೇ ತೀರ್ಮಾನಿಸಿಬಿಟ್ಟಿದ್ದೆ.

ನಮ್ಮ ಮೇಷ್ಟ್ರು ಬೈಯಲಿಲ್ಲ. ಸಂಜೆ ಕರೆದು ಕೂರಿಸಿಕೊಂಡು, “ಮೂಟೆಗೆ ಕೊನೆಯಲ್ಲಿ ಹಾಕಿದ ಗಂಟನ್ನು ಮೊದಲು ಬಿಚ್ಚಬೇಕಪ್ಪ” ಎಂದರು. ಸೂತ್ರ ಹೇಳುವುದಿಷ್ಟೆ: ಎತ್ತರವನ್ನು ಬಾಹುಗಳ ಮೊತ್ತದಿಂದ ಗುಣಿಸು, ಬಳಿಕ 2ರಿಂದ ಭಾಗಿಸು. ಅದೇ ದಾರಿಯಲ್ಲಿ ಹಿಂದಕ್ಕೆ ಬಂದರೆ 84ನ್ನು 2ರಿಂದ ಗುಣಿಸಿ 168, ಅದನ್ನು 14ರಿಂದ ಭಾಗಿಸಿ 12. “ಪಕ್ಷಾಂತರ ಮಾಡಿದವರು ಗುಣ ಬದಲಿಸದೆ ಇರುತ್ತಾರೆಯೇ?” ಎಂದು ನಕ್ಕರು.

ಬಿ.ಇ. ಮುಗಿಸಿ ಕೆಲಸಕ್ಕೆ ಸೇರಿದ ಮೇಲೆ ಗಣಿತದ ಇತಿಹಾಸ ಓದುವಾಗ ಈ ಉಪಾಯದ ವಯಸ್ಸು ತಿಳಿಯಿತು. ಕ್ರಿ.ಶ. 499ರಲ್ಲಿ ತನಗೆ 23 ವರ್ಷವೆಂದು ಸೂಚಿಸಿರುವ ಆರ್ಯಭಟನ ‘ಆರ್ಯಭಟೀಯ’ದಲ್ಲಿ ಗಣಿತಪಾದವೆಂಬ 33 ಶ್ಲೋಕಗಳ ಭಾಗವಿದೆ. ತ್ರಾಪಿಜ್ಯದ ವಿಸ್ತೀರ್ಣದ ನಿಯಮ ಅದರಲ್ಲೇ ಇದೆ. ಕೆಲವು ಶ್ಲೋಕಗಳ ಮುಂದೆ ವಿಲೋಮ ವಿಧಿಯೂ ಇದೆ: ಹಿಂದಕ್ಕೆ ಬರುವಾಗ ಗುಣಾಕಾರ ಭಾಗಾಕಾರವಾಗುತ್ತದೆ, ಸಂಕಲನ ವ್ಯವಕಲನವಾಗುತ್ತದೆ. ನಾನು ಖಾಲಿ ಬಿಟ್ಟ ಜಾಗಕ್ಕೆ ಉತ್ತರ ಒಂದೇ ಪುಸ್ತಕದಲ್ಲಿತ್ತು!

ಆದರೆ ಎಲ್ಲ ಗಂಟೂ ಹೀಗೆ ಬಿಚ್ಚುವುದಿಲ್ಲ. ಎರಡನೆಯ ಭಾಸ್ಕರನ ‘ಲೀಲಾವತಿ’ಯಲ್ಲಿ (1150) 32 ಮೊಳದ ಬಿದಿರು ಗಾಳಿಗೆ ಮುರಿದು, ತುದಿ ಬುಡದಿಂದ 16 ಮೊಳ ದೂರದಲ್ಲಿ ನೆಲ ಮುಟ್ಟುತ್ತದೆ. ಎಷ್ಟು ಎತ್ತರದಲ್ಲಿ ಮುರಿಯಿತು? ಇಲ್ಲಿ ನಿಂತ ತುಂಡೂ ಗೊತ್ತಿಲ್ಲ, ಬಾಗಿದ ತುಂಡೂ ಗೊತ್ತಿಲ್ಲ. ಲಂಬಕೋನ ತ್ರಿಭುಜದ ನಿಯಮದಂತೆ ಎರಡರ ವರ್ಗಗಳ ವ್ಯತ್ಯಾಸ 16ರ ವರ್ಗ, ಅಂದರೆ 256. ವರ್ಗಗಳ ವ್ಯತ್ಯಾಸವೆಂದರೆ ಮೊತ್ತ ಮತ್ತು ವ್ಯತ್ಯಾಸಗಳ ಗುಣಲಬ್ಧ. ಮೊತ್ತ 32, ಆದ್ದರಿಂದ ವ್ಯತ್ಯಾಸ 8. ತುಂಡುಗಳು 20 ಮತ್ತು 12; ಮುರಿದದ್ದು 12 ಮೊಳದ ಎತ್ತರದಲ್ಲಿ.

ಅಜ್ಞಾತ ಸಂಖ್ಯೆಗೆ ‘ಯಾವತ್ತಾವತ್’ ಎಂಬ ಹೆಸರನ್ನೂ ಬಣ್ಣಗಳ ಹೆಸರನ್ನೂ ಕೊಡುವ ಪದ್ಧತಿ ನಮ್ಮಲ್ಲಿ ಹಿಂದೆಯೇ ಇತ್ತು. ಗೊತ್ತಿರುವ ಅಳತೆಗಳಿಗೂ ಅಕ್ಷರ ಕೊಟ್ಟು ಅದನ್ನೊಂದು ಕ್ರಮವಾಗಿಸಿದವನು ಫ್ರಾನ್ಸಿನ ವಿಯೆಟ್, 1591ರಲ್ಲಿ. ಅಜ್ಞಾತಕ್ಕೆ ಸ್ವರ, ಜ್ಞಾತಕ್ಕೆ ವ್ಯಂಜನ. ಅಂಕಿಗಳು ಬರುವ ಮೊದಲೇ ಸೂತ್ರವನ್ನು ಒಮ್ಮೆ ತಿರುಗಿಸಿಟ್ಟರೆ ಮುಂದೆ ಯಾವ ಅಂಕಿ ಬಂದರೂ ಸರಿ. ನಾನು ದಿನವೂ ಬರೆಯುವ ಪ್ರೋಗ್ರಾಂ ನಡೆಯುವುದೂ ಇದೇ ನಂಬಿಕೆಯ ಮೇಲೆ.

ಈಗ ಅದೇ ಬೆಂಚುಗಳಲ್ಲಿ ಕುಳಿತಿರುವ ತಮ್ಮ ತಂಗಿಯರೇ, ಒಂದು ಸೂತ್ರವನ್ನು ಮೂರು ಸೂತ್ರಗಳೆಂದು ಉರು ಹೊಡೆಯಬೇಡಿ. ಕೊನೆಯ ಗಂಟು ಯಾವುದೆಂದು ಮೊದಲು ನೋಡಿ. ಅದನ್ನು ತೋರಿಸಿಕೊಟ್ಟ ಗುರುಗಳಿಗೆ, ಐವತ್ತು ತುಂಬಿದ ನಮ್ಮ ಶಾಲೆಗೆ ನನ್ನ ನಮಸ್ಕಾರ.