ಬೆಂಚಿನ ಮೇಲಿನ ಕ್ಯಾಪ್ಟನ್: ಆರ್ಥರ್ ಲೋ (1915–1982)

ಈ ಬೆಂಚಿನ ಮೇಲೆ ಬೆನ್ನು ನೆಟ್ಟಗೆ ಮಾಡಿ ಕುಳಿತಿರುವವರು ಕ್ಯಾಪ್ಟನ್ ಮ್ಯಾನರಿಂಗ್. ಬ್ಯಾಂಕ್ ಮ್ಯಾನೇಜರ್ ಆಗಿದ್ದು, ಎರಡನೇ ಮಹಾಯುದ್ಧದ ಕಾಲದಲ್ಲಿ ಊರ ಕಾವಲು ಪಡೆಯ ನಾಯಕನಾಗುವ ಈತ ‘ಡ್ಯಾಡ್ಸ್ ಆರ್ಮಿ’ ಧಾರಾವಾಹಿಯ ಪಾತ್ರ. 1968ರಿಂದ 1977ರವರೆಗೆ ಬಿಬಿಸಿಯಲ್ಲಿ ಅದರ 80 ಕಂತುಗಳು ಪ್ರಸಾರವಾದವು. ಕಥೆಯ ಊರು ಕಲ್ಪಿತ; ಹೊರಾಂಗಣ ಚಿತ್ರೀಕರಣ ಹೆಚ್ಚಾಗಿ ನಡೆದದ್ದು ಇಲ್ಲಿ, ಥೆಟ್‌ಫರ್ಡ್ ಸುತ್ತಮುತ್ತ.

ಪಾತ್ರಧಾರಿ ಆರ್ಥರ್ ಲೋ ಡರ್ಬಿಶೈರ್‌ನ ಹೇಫೀಲ್ಡ್‌ನವರು. ನಟನೆಯ ರುಚಿ ಹತ್ತಿದ್ದು ಸೈನ್ಯದಲ್ಲಿ. 1945ರಲ್ಲಿ ವೃತ್ತಿರಂಗಭೂಮಿಗೆ ಬಂದರು. ಮುಂದೆ ವರ್ಷಗಟ್ಟಲೆ ಸಣ್ಣಪುಟ್ಟ ಪಾತ್ರಗಳು. 1949ರ ‘ಕೈಂಡ್ ಹಾರ್ಟ್ಸ್ ಅಂಡ್ ಕೊರೊನೆಟ್ಸ್’ ಚಿತ್ರದ ಕೊನೆಯಲ್ಲಿ ಬಂದುಹೋಗುವ ಪತ್ರಕರ್ತ ಇವರೇ. ‘ಕೊರೊನೇಷನ್ ಸ್ಟ್ರೀಟ್’ ಧಾರಾವಾಹಿಯ ಸ್ವಿಂಡ್ಲಿ ಪಾತ್ರ ಇವರನ್ನು ಮನೆಮಾತಾಗಿಸಿತು. ‘ಡ್ಯಾಡ್ಸ್ ಆರ್ಮಿ’ ಶುರುವಾದಾಗ ವಯಸ್ಸು 52.

ಗತ್ತಿನ ಮನುಷ್ಯ ಮುಖಭಂಗವಾದಾಗ ಅದನ್ನು ನುಂಗಿಕೊಳ್ಳುವ ಆ ಒಂದು ಕ್ಷಣ – ಲೋ ಅವರ ಹಾಸ್ಯವೆಲ್ಲ ಅಲ್ಲೇ ಇದೆ. ಮಾತಿಗಿಂತ ಮೌನವೇ ಹೆಚ್ಚು ನಗಿಸುತ್ತಿತ್ತು. ‘ಓ ಲಕ್ಕಿ ಮ್ಯಾನ್!’ (1973) ಚಿತ್ರಕ್ಕಾಗಿ ಪೋಷಕ ನಟನ ಬಾಫ್ಟಾ ಪ್ರಶಸ್ತಿಯೂ ಬಂತು.

1982ರ ಏಪ್ರಿಲ್‌ನಲ್ಲಿ ಬರ್ಮಿಂಗ್‌ಹ್ಯಾಮ್‌ನ ರಂಗಮಂದಿರವೊಂದರ ಬಣ್ಣದ ಕೋಣೆಯಲ್ಲಿ ಕುಸಿದುಬಿದ್ದು, ಅದೇ ಊರಿನಲ್ಲಿ ತೀರಿಕೊಂಡರು.

ಈ ಕಂಚಿನ ಪ್ರತಿಮೆ ಅನಾವರಣಗೊಂಡದ್ದು 2010ರಲ್ಲಿ. ಪಕ್ಕದಲ್ಲಿ ಜಾಗವಿದೆ, ಕುಳಿತುಕೊಳ್ಳಿ.