ಬೆಂಗಳೂರಿನ ಕಾರ್ಮಿಕ ಚಳವಳಿ

ಬೆಂಗಳೂರು ಮತ್ತು ಅದರ ಸುತ್ತಲಿನ ಜಿಲ್ಲೆಗಳ ದುಡಿಯುವ ಜನರು ಕೂಲಿ, ಕೆಲಸದ ಭದ್ರತೆ, ಮರ್ಯಾದೆಗಳಿಗಾಗಿ ಸುಮಾರು ಒಂದು ಶತಮಾನದಿಂದ ನಡೆಸುತ್ತ ಬಂದಿರುವ ಹೋರಾಟ. ಬಟ್ಟೆ ಗಿರಣಿ ಮತ್ತು ಚಿನ್ನದ ಗಣಿಗಳಲ್ಲಿ ಮೊದಲಾಗಿ, ಸಾರ್ವಜನಿಕ ಉದ್ದಿಮೆಗಳ ಕಾಲದಲ್ಲಿ ಬಲಿತು, ಈಗ ಗಾರ್ಮೆಂಟ್ಸ್, ಪೌರಕಾರ್ಮಿಕ, ಆಶಾ, ಐಟಿ ಮತ್ತು ಆ್ಯಪ್ ಆಧಾರಿತ ದುಡಿಮೆಗಳಿಗೆ ಹಬ್ಬಿದೆ. ಇದರ ಸ್ವರೂಪ ಬದಲಾದದ್ದನ್ನು ಒಂದು ಮಾತಿನಲ್ಲಿ ಹೇಳುವುದಾದರೆ, ಚಳವಳಿ ಕಾರ್ಖಾನೆಯ ಗೇಟಿನಿಂದ ಧರಣಿಗಳ ತಾಣವಾದ ಫ್ರೀಡಂ ಪಾರ್ಕಿಗೆ ಬಂದಿದೆ. ಮಾಲೀಕನ ಎದುರು ಕೂತು ಒಪ್ಪಂದಕ್ಕೆ ಸಹಿ ಹಾಕಿಸಿಕೊಳ್ಳುತ್ತಿದ್ದ ಯೂನಿಯನ್ನು ಇಂದು ಬಹುಪಾಲು ಸರ್ಕಾರಕ್ಕೆ ಮನವಿಪತ್ರ ಕೊಡುತ್ತಿದೆ.

1884ರಲ್ಲಿ ಶುರುವಾದ ಬೆಂಗಳೂರು ಉಣ್ಣೆ, ಹತ್ತಿ ಮತ್ತು ರೇಷ್ಮೆ ಗಿರಣಿ ಜನರ ಬಾಯಲ್ಲಿ ಬಿನ್ನಿ ಮಿಲ್ಲು. ಅದೇ ಬಿನ್ನಿ ಕಂಪನಿಯ ಮದರಾಸಿನ ಗಿರಣಿಗಳಲ್ಲಿ 1918ರಲ್ಲಿ ಬಿ. ಪಿ. ವಾಡಿಯಾ, ತಿರು. ವಿ. ಕಲ್ಯಾಣಸುಂದರಂ ಮುಂತಾದವರು ಮದರಾಸು ಲೇಬರ್ ಯೂನಿಯನ್ ಕಟ್ಟಿದರು. ಕಂಪನಿ ಹೈಕೋರ್ಟಿಗೆ ಹೋಗಿ ವಾಡಿಯಾ ಅವರ ಕೈಕಟ್ಟಿಸಿತು. ಕಾರ್ಮಿಕರನ್ನು ಸಂಘಟಿಸುವುದೇ ತಪ್ಪು ಎಂಬಂತಾದ ಆ ಪ್ರಸಂಗದ ಬಿಸಿಯಿಂದಲೇ 1926ರ ಕಾರ್ಮಿಕ ಸಂಘಗಳ ಕಾಯ್ದೆ ಬಂತು. ಏಳು ಜನ ಸೇರಿ ಅರ್ಜಿ ಹಾಕಿದರೆ ಸಂಘ ನೋಂದಾಯಿಸಬಹುದು ಎಂಬ ನಿಯಮ ಅಲ್ಲಿಂದಲೇ ಬಂದದ್ದು.

ಆದರೆ ಮೈಸೂರು ಸಂಸ್ಥಾನದ ಮೊದಲ ದೊಡ್ಡ ಮುಷ್ಕರಗಳಲ್ಲೊಂದು ಯೂನಿಯನ್ನಿನ ಬೆಂಬಲವೇ ಇಲ್ಲದೆ ನಡೆಯಿತು. 1930ರಲ್ಲಿ ಕೋಲಾರ ಚಿನ್ನದ ಗಣಿಯ ಕಂಪನಿಗಳು ಕೂಲಿಯವರೆಲ್ಲ ಬೆರಳಚ್ಚು ಕೊಟ್ಟು ಹೆಸರು ನೋಂದಾಯಿಸಬೇಕೆಂದವು. ಗಣಿಯಲ್ಲಿದ್ದವರು ಹೆಚ್ಚಾಗಿ ಉತ್ತರ ಆರ್ಕಾಟು ಮತ್ತು ಚಿತ್ತೂರಿನ ಕಡೆಯ ತಮಿಳು, ತೆಲುಗು ಮಾತಿನ ದಲಿತರು. ಬೆರಳಚ್ಚು ಕಳ್ಳರಿಂದ ತೆಗೆದುಕೊಳ್ಳುವಂಥದ್ದು, ನಾವೇನು ಕಳ್ಳರೇ ಎಂಬುದು ಅವರ ಪ್ರಶ್ನೆ. ಮೂರು ವಾರ ಯಾರೂ ಗಣಿಗೆ ಇಳಿಯಲಿಲ್ಲ. ಕೂಲಿಯ ವಿಷಯವೇ ಅಲ್ಲದ ಕಾರಣಕ್ಕೆ ಸಾವಿರಾರು ಜನ ಕೂಲಿ ಬಿಟ್ಟು ಕೂತರೆಂಬುದನ್ನು ಮರೆಯಬಾರದು. ಇಂದು ಬಯೋಮೆಟ್ರಿಕ್ ಯಂತ್ರಕ್ಕೆ ಹೆಬ್ಬೆಟ್ಟು ಒತ್ತುವ ಪೌರಕಾರ್ಮಿಕರನ್ನೂ ಆ್ಯಪ್ ಕೇಳಿದಾಗಲೆಲ್ಲ ಸೆಲ್ಫಿ ಕೊಡಬೇಕಾದ ಡೆಲಿವರಿ ಹುಡುಗರನ್ನೂ ನೋಡಿದರೆ, ಆ ಪ್ರಶ್ನೆ ಹಳೆಯದಾಗಿಲ್ಲ.

ಸ್ವಾತಂತ್ರ್ಯದ ಆಸುಪಾಸಿನಲ್ಲಿ ಬೆಂಗಳೂರಿಗೆ ಹೊಸ ಬಗೆಯ ಕಾರ್ಖಾನೆಗಳು ಬಂದವು: 1940ರಲ್ಲಿ ಎಚ್‌ಎಎಲ್, 1948ರಲ್ಲಿ ಐಟಿಐ, 1953ರಲ್ಲಿ ಎಚ್‌ಎಂಟಿ, 1954ರಲ್ಲಿ ಬಿಇಎಲ್, 1964ರಲ್ಲಿ ಬಿಇಎಂಎಲ್. ಖಾಯಂ ಕೆಲಸ, ಕ್ವಾರ್ಟರ್ಸು, ಕ್ಯಾಂಟೀನು, ಪಿ.ಎಫ್., ಶಿಫ್ಟಿಗೆ ಕರೆದೊಯ್ಯುವ ಫ್ಯಾಕ್ಟರಿ ಬಸ್ಸು. ದೂರವಾಣಿನಗರ, ಜಾಲಹಳ್ಳಿಗಳಲ್ಲಿ ಇಡೀ ಒಂದು ಜೀವನಕ್ರಮವೇ ಇದರ ಸುತ್ತ ಬೆಳೆಯಿತು. ಶಿಫ್ಟು ಬಿಡುವ ಹೊತ್ತಿಗೆ ಗೇಟಿನ ಹೊರಗೆ ಮೈಕು ಕಟ್ಟಿ ಮುಖಂಡರು ಮಾತಾಡುತ್ತಿದ್ದರು. ಗೇಟ್ ಮೀಟಿಂಗ್ ಎಂಬ ಈ ಪದ್ಧತಿಯೇ ಅಂದಿನ ಯೂನಿಯನ್ನಿನ ಜೀವ, ಏಕೆಂದರೆ ಸದಸ್ಯರೆಲ್ಲ ದಿನಕ್ಕೆರಡು ಬಾರಿ ಅದೇ ಗೇಟು ದಾಟಲೇಬೇಕಿತ್ತು. ಕಾರ್ಖಾನೆಗಳ ಒಳಗೆ ಯೂನಿಯನ್ನಿನ ಪಕ್ಕದಲ್ಲೇ ಕನ್ನಡ ಸಂಘಗಳೂ ಬೆಳೆದವು. ಅವು ನಾಟಕ, ರಾಜ್ಯೋತ್ಸವಗಳ ಜೊತೆಗೆ ಸ್ಥಳೀಯರಿಗೆ ಉದ್ಯೋಗ ಎಂಬ ಬೇಡಿಕೆಯನ್ನೂ ಎತ್ತಿದವು.

ಈ ಯುಗದ ಶಿಖರವೂ ಇಳಿಜಾರೂ ಒಂದೇ ಘಟನೆ. ಕೇಂದ್ರದ ಇನ್ನೊಂದು ಉದ್ದಿಮೆಯಾದ ಬಿಎಚ್‌ಇಎಲ್‌ನ ಕಾರ್ಮಿಕರಿಗೆ ಸರಿಸಮನಾದ ವೇತನ ಬೇಕೆಂದು 1980ರ ಡಿಸೆಂಬರ್ 26ರಂದು ಬೆಂಗಳೂರಿನ ಐದು ದೊಡ್ಡ ಸಾರ್ವಜನಿಕ ಉದ್ದಿಮೆಗಳ ಕಾರ್ಮಿಕರು ಮುಷ್ಕರ ಹೂಡಿದರು. ಹೊರಗಿನ ಘಟಕಗಳೂ ಸೇರಿ ಸುಮಾರು 1.25 ಲಕ್ಷ ಜನ 77 ದಿನ ಕೆಲಸ ಬಿಟ್ಟಿದ್ದರು. ಬೇರೆ ಬೇರೆ ಪಕ್ಷಗಳಿಗೆ ಸೇರಿದ ಸಂಘಗಳು ಜಂಟಿ ವೇದಿಕೆಯಡಿ ಒಂದಾದದ್ದು ಇದರ ಹೆಚ್ಚುಗಾರಿಕೆ. ಕೇಂದ್ರ ಸರ್ಕಾರ ಮಣಿಯಲಿಲ್ಲ, ಮುಖ್ಯ ಬೇಡಿಕೆ ಈಡೇರದೆಯೇ ಮುಷ್ಕರ ಮುಗಿಯಿತು. ಮಂಗಳೂರಿನಲ್ಲಿ ಹುಟ್ಟಿ ಮುಂಬಯಿಯಲ್ಲಿ ಟ್ಯಾಕ್ಸಿ ಚಾಲಕರನ್ನು ಸಂಘಟಿಸಿದ ಜಾರ್ಜ್ ಫರ್ನಾಂಡಿಸ್ ನೇತೃತ್ವದ 1974ರ ರೈಲ್ವೆ ಮುಷ್ಕರ, 1982ರಲ್ಲಿ ಮುಂಬಯಿ ಗಿರಣಿಗಳಲ್ಲಿ ನಡೆದ ಮುಷ್ಕರ, ಇವುಗಳ ನಡುವೆ ಇಟ್ಟು ನೋಡಿದರೆ ಬೆಂಗಳೂರಿನ ಸೋಲು ಒಂಟಿಯಾದುದಲ್ಲ ಎಂದು ತಿಳಿಯುತ್ತದೆ. ಮುಂದೆ ಚಿನ್ನದ ಗಣಿ 2001ರಲ್ಲಿ ಮುಚ್ಚಿತು. ಮಲ್ಲೇಶ್ವರದ ರಾಜಾ ಮಿಲ್ಲಿನ ಜಾಗದಲ್ಲಿ ಇಂದು ಮಾಲ್ ಇದೆ.

1991ರ ಉದಾರೀಕರಣದ ನಂತರ ಖಾಯಂ ಕೆಲಸದ ಜಾಗಕ್ಕೆ ಗುತ್ತಿಗೆ ಬಂತು. ಒಂದೇ ಲೈನಿನಲ್ಲಿ ಒಂದೇ ಕೆಲಸ ಮಾಡುವ ಇಬ್ಬರಲ್ಲಿ ಒಬ್ಬರ ಸಂಬಳ ಕಂಪನಿಯದು, ಇನ್ನೊಬ್ಬರದು ಏಜೆನ್ಸಿಯದು. ಹಳೆಯ ಯೂನಿಯನ್ನುಗಳು ಬಹುಕಾಲ ಮೊದಲನೆಯವರನ್ನಷ್ಟೇ ಸದಸ್ಯರೆಂದು ಎಣಿಸಿದವು. ತಮ್ಮ ಕಾಲಿನ ಕೆಳಗಿನ ನೆಲ ಜಾರಿದ್ದಕ್ಕೆ ಅವೂ ಒಂದಷ್ಟು ಹೊಣೆ. 2020ರ ಡಿಸೆಂಬರ್ 12ರಂದು ಕೋಲಾರದ ನರಸಾಪುರದಲ್ಲಿ ಐಫೋನ್ ಜೋಡಿಸುತ್ತಿದ್ದ ವಿಸ್ಟ್ರಾನ್ ಕಾರ್ಖಾನೆಯಲ್ಲಿ ಸಂಬಳ ಸರಿಯಾಗಿ ಬರಲಿಲ್ಲವೆಂದು ಕಾರ್ಮಿಕರು ಗಾಜು ಒಡೆದು ದಾಂಧಲೆ ಎಬ್ಬಿಸಿದರು. ಹೆಚ್ಚಿನವರು ಹಲವು ಏಜೆನ್ಸಿಗಳ ಮೂಲಕ ಬಂದ ಗುತ್ತಿಗೆಯವರು.

ಇಂದಿನ ಕಾರ್ಖಾನೆ ಕಾರ್ಮಿಕರಲ್ಲಿ ದೊಡ್ಡ ಸಂಖ್ಯೆಯಲ್ಲಿರುವವರು ಗಾರ್ಮೆಂಟ್ಸ್ ಹೆಣ್ಣುಮಕ್ಕಳು. ಗಂಟೆಗೆ ಇಷ್ಟು ಪೀಸು ಎಂದು ಲೈನಿನ ತುದಿಯಲ್ಲಿ ಬೋರ್ಡು, ಬೆನ್ನ ಹಿಂದೆ ಸೂಪರ್‌ವೈಸರು. ಕೆಲಸ ಬಿಟ್ಟೊಡನೆ ಊರಿನ ಕಡೆಗೆ ಹೊರಡುವ ವ್ಯಾನು ಹತ್ತಬೇಕು, ತಪ್ಪಿದರೆ ಮನೆ ಸೇರುವುದು ಕಷ್ಟ. ಇವರಿಗೆ ಗೇಟ್ ಮೀಟಿಂಗಿಗೆ ಹೊತ್ತೆಲ್ಲಿ? ಹಾಗಾಗಿ ‘ಮುನ್ನಡೆ’ಯಂಥ ಮಹಿಳಾ ಸಂಘಟನೆಗಳು, ಅವುಗಳ ಜಾಡಿನಲ್ಲಿ ಬಂದ ಗಾರ್ಮೆಂಟ್ ಯೂನಿಯನ್ನುಗಳು ಬಡಾವಣೆಗಳ ಮನೆಗಳಲ್ಲಿ, ಭಾನುವಾರಗಳಂದು ಸಭೆ ಸೇರುವುದನ್ನು ರೂಢಿಸಿಕೊಂಡವು.

ಆದರೂ ಇವರ ಅತಿದೊಡ್ಡ ಗೆಲುವು ಯಾವ ಸಂಘದ ಕರೆಗೂ ಕಾಯಲಿಲ್ಲ. ಭವಿಷ್ಯನಿಧಿಯಲ್ಲಿ ಮಾಲೀಕರ ಪಾಲನ್ನು 58 ವರ್ಷ ತುಂಬುವವರೆಗೆ ತೆಗೆಯುವಂತಿಲ್ಲ ಎಂಬ ಕೇಂದ್ರದ ನಿಯಮದ ಸುದ್ದಿ ಹಬ್ಬಿದಾಗ, 2016ರ ಏಪ್ರಿಲ್ 18 ಮತ್ತು 19ರಂದು ಸಾವಿರಾರು ಹೆಂಗಸರು ಹೊಸೂರು ರಸ್ತೆ, ಪೀಣ್ಯ, ಜಾಲಹಳ್ಳಿಗಳಲ್ಲಿ ರಸ್ತೆಗಿಳಿದರು. ಮಗಳ ಮದುವೆ, ಮನೆ ರಿಪೇರಿ, ಸಾಲ ತೀರಿಕೆ ಎಲ್ಲಕ್ಕೂ ಅವರು ನೆಚ್ಚಿದ್ದು ಆ ಹಣವನ್ನೇ. ಕಲ್ಲು ತೂರಾಟ, ಲಾಠಿ, ಬಸ್ಸಿಗೆ ಬೆಂಕಿ ಎಲ್ಲವೂ ಆದವು. ಎರಡನೆಯ ದಿನ ಸಂಜೆಯೊಳಗೆ ದೇಶಕ್ಕೆಲ್ಲ ಅನ್ವಯಿಸುವ ನಿಯಮವನ್ನೇ ಕೇಂದ್ರ ಹಿಂತೆಗೆದುಕೊಂಡಿತು. ಕೇಂದ್ರೀಯ ಕಾರ್ಮಿಕ ಸಂಘಟನೆಗಳು ಇದನ್ನು ಬೆರಗಿನಿಂದ ನೋಡಿದವು ಎಂದರೆ ತಪ್ಪಲ್ಲ.

ಸರ್ಕಾರವೇ ಮಾಲೀಕನಾಗಿದ್ದೂ ಹಾಗೆಂದು ಒಪ್ಪಿಕೊಳ್ಳದ ಕಡೆ ಹೋರಾಟದ ರೀತಿ ಇನ್ನೊಂದು. 1975ರಲ್ಲಿ ತಿ. ನರಸೀಪುರದಿಂದ ಕರ್ನಾಟಕದಲ್ಲಿ ಆರಂಭವಾದ ಅಂಗನವಾಡಿ ಯೋಜನೆಯ ಕಾರ್ಯಕರ್ತೆಗೆ ಸಿಗುವುದು ಸಂಬಳವಲ್ಲ, ‘ಗೌರವಧನ’. ಈ ಒಂದು ಪದದ ಮೇಲೆ ದಶಕಗಳ ಜಗಳ ನಿಂತಿದೆ. ಇವರು ಸರ್ಕಾರಿ ಹುದ್ದೆಯವರಲ್ಲ ಎಂದು ಕರ್ನಾಟಕ ಸರ್ಕಾರ ಮತ್ತು ಅಮೀರ್‌ಬಿ ನಡುವಿನ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2006ರಲ್ಲಿ ಹೇಳಿತು. ಗ್ರಾಚ್ಯುಟಿಗೆ ಇವರು ಅರ್ಹರು ಎಂದು ಅದೇ ನ್ಯಾಯಾಲಯ ಗುಜರಾತಿನ ಪ್ರಕರಣವೊಂದರಲ್ಲಿ 2022ರಲ್ಲಿ ಹೇಳಿತು. 2017ರ ಮಾರ್ಚ್‌ನಲ್ಲಿ ಅಂಗನವಾಡಿಯವರು, 2025ರ ಜನವರಿಯಲ್ಲಿ ಆಶಾ ಕಾರ್ಯಕರ್ತೆಯರು ರಾಜಧಾನಿಗೆ ಬಂದು ಹಗಲಿರುಳು ಧರಣಿ ಕೂತರು. ಗುತ್ತಿಗೆ ಪೌರಕಾರ್ಮಿಕರು 2022ರ ಜುಲೈ ಮೊದಲ ವಾರ ಕಸ ಎತ್ತುವುದನ್ನು ನಿಲ್ಲಿಸಿದಾಗ, ವರ್ಷಗಳಿಂದ ಕಡತದಲ್ಲಿದ್ದ ಖಾಯಮಾತಿಯ ಬೇಡಿಕೆಗೆ ನಾಲ್ಕೇ ದಿನಗಳಲ್ಲಿ ಸರ್ಕಾರ ತಲೆಯಾಡಿಸಿತು. ಧರಣಿಗಳಿಗೆ ಈಗ ಗೊತ್ತುಪಡಿಸಿದ ಜಾಗ ಫ್ರೀಡಂ ಪಾರ್ಕ್, ಅಂದರೆ ಹಳೆಯ ಸೆಂಟ್ರಲ್ ಜೈಲಿನ ಆವರಣ. 2021ರ ಆದೇಶದ ಪ್ರಕಾರ ನಗರದಲ್ಲಿ ಬೇರೆಲ್ಲೂ ಪ್ರತಿಭಟಿಸುವಂತಿಲ್ಲ.

ಐಟಿ ನೌಕರರ ಸಂಘ 2017ರಲ್ಲಿ ಹುಟ್ಟಿತು. ಸದಸ್ಯಬಲಕ್ಕಿಂತ ಅದರ ದನಿ ದೊಡ್ಡದು. 2024ರಲ್ಲಿ ದಿನಕ್ಕೆ 14 ಗಂಟೆ ದುಡಿಸಿಕೊಳ್ಳಲು ಅವಕಾಶ ಕೊಡುವ ಪ್ರಸ್ತಾವವನ್ನು ಮುಂಚೂಣಿಯಲ್ಲಿ ನಿಂತು ವಿರೋಧಿಸಿದ್ದು ಅದೇ. ಇನ್ನೊಂದು ಕಡೆ ಆಟೊ ಚಾಲಕರ ಯೂನಿಯನ್ನು ಆ್ಯಪ್ ಕಂಪನಿಗಳ ಕಮಿಷನ್ ವಿರುದ್ಧ ಘೋಷಣೆ ಕೂಗುವುದರಲ್ಲೇ ನಿಲ್ಲದೆ, 2022ರಲ್ಲಿ ನಮ್ಮ ಯಾತ್ರಿ ಎಂಬ ಕಮಿಷನ್ ಇಲ್ಲದ ಆ್ಯಪಿನ ಬೆನ್ನಿಗೆ ನಿಂತಿತು.

2025ರ ನವೆಂಬರ್ 21ರಂದು ಜಾರಿಗೆ ಬಂದ ನಾಲ್ಕು ಕಾರ್ಮಿಕ ಸಂಹಿತೆಗಳು 29 ಹಳೆಯ ಕಾನೂನುಗಳ ಜಾಗಕ್ಕೆ ಬಂದಿವೆ. ಶೇ. 51ರಷ್ಟು ಕಾರ್ಮಿಕರ ಬೆಂಬಲವಿರುವ ಸಂಘಕ್ಕಷ್ಟೇ ಏಕೈಕ ಮಾತುಕತೆಯ ಹಕ್ಕು. ಯಾವ ಉದ್ದಿಮೆಯಲ್ಲೇ ಆಗಲಿ ಮುಷ್ಕರಕ್ಕೆ 14 ದಿನ ಮೊದಲು ನೋಟಿಸು ಬೇಕು. ಅರ್ಧಕ್ಕರ್ಧ ಜನ ಒಟ್ಟಿಗೆ ರಜೆ ಹಾಕಿದರೆ ಅದೂ ಮುಷ್ಕರವೇ. ಅದೇ ವರ್ಷ ಕರ್ನಾಟಕ ಆ್ಯಪ್ ಆಧಾರಿತ ಗಿಗ್ ಕಾರ್ಮಿಕರಿಗೆಂದು ಪ್ರತ್ಯೇಕ ಕಾಯ್ದೆ ಮಾಡಿತು. ಪ್ರತಿ ವಹಿವಾಟಿನಲ್ಲಿ ಕಾರ್ಮಿಕರಿಗೆ ಸಲ್ಲುವ ಹಣದ ಮೇಲೆ ಶೇ. 1ರಿಂದ 5ರವರೆಗೆ ಕಲ್ಯಾಣ ಶುಲ್ಕ, ಕೆಲಸದಿಂದ ತೆಗೆಯುವ ಮುನ್ನ 14 ದಿನಗಳ ನೋಟಿಸು, ಒಂದು ಕಲ್ಯಾಣ ಮಂಡಳಿ ಅದರಲ್ಲಿವೆ. ಮಂಡಳಿಯಲ್ಲಿ ಗಿಗ್ ಕಾರ್ಮಿಕರ ಪ್ರತಿನಿಧಿಗಳಿಗೂ ಸ್ಥಾನವಿದ್ದು, ಅವರನ್ನು ಸರ್ಕಾರ ನಾಮನಿರ್ದೇಶನ ಮಾಡುತ್ತದೆ.