ಆಸ್ಟ್ರಕೋಡ

ಎರಡು ಚಿಪ್ಪುಗಳ ನಡುವೆ ಇಡೀ ಮೈಯನ್ನು ಅಡಗಿಸಿಕೊಳ್ಳುವ ಕಿರು ಕಠಿಣಚರ್ಮಿಗಳ ವರ್ಗ. ಸಿಗಡಿ, ಏಡಿಗಳ ದೂರದ ನೆಂಟರು. ಚಿಪ್ಪು ಎಂಬರ್ಥದ ಗ್ರೀಕ್ ಪದದಿಂದ ಬಂದ ಈ ಹೆಸರನ್ನು ಫ್ರಾನ್ಸಿನ ಪ್ರಾಣಿವಿಜ್ಞಾನಿ ಲಾಟ್ರೇಯ್ 1802ರಲ್ಲಿ ಬಳಕೆಗೆ ತಂದ. ವರ್ಗಕ್ಕೆ ಆಸ್ಟ್ರಕೋಡ, ಬಿಡಿ ಜೀವಿಗೆ ಆಸ್ಟ್ರಕಾಡ್. ಪುರಾತನ ದವಡೆರಹಿತ ಮೀನುಗಳಾದ ಆಸ್ಟ್ರಕೋಡರ್ಮ್‌ಗಳೊಡನೆ ಇವನ್ನು ಗೊಂದಲ ಮಾಡಿಕೊಳ್ಳಬಾರದು. ಕೇಂಬ್ರಿಯನ್ ಕಾಲದ ಬ್ರಾಡೊರಿಡ್‌ಗಳನ್ನೂ ಹಿಂದೆ ಇದೇ ಹೆಸರಿನಡಿ ಸೇರಿಸುತ್ತಿದ್ದರು. ಮೃದು ಅಂಗಗಳ ಪಳೆಯುಳಿಕೆ ಸಿಕ್ಕಮೇಲೆ ಕೈಬಿಟ್ಟರು. ನಿಜವಾದ ಆಸ್ಟ್ರಕಾಡ್‌ಗಳ ದಾಖಲೆ ಸುಮಾರು 48 ಕೋಟಿ ವರ್ಷ ಹಿಂದಿನ ಆರ್ಡೊವಿಶಿಯನ್ ಕಾಲದಿಂದ ಶುರು.

ಬಹುಪಾಲು ಜಾತಿಗಳ ಉದ್ದ 0.5ರಿಂದ 2 ಮಿ.ಮೀ. ಕೆರೆನೀರಿನ ಹನಿಯನ್ನು ಸೂಕ್ಷ್ಮದರ್ಶಕದಡಿ ಇಟ್ಟರೆ ಹುರುಳಿಕಾಳಿನಂಥ ಚಿಪ್ಪು ತುಸು ಬಿರಿದು, ಕುಡಿಮೀಸೆಗಳು ಹೊರಚಾಚಿ, ಜೀವಿ ತಟತಟನೆ ಈಜುತ್ತದೆ. ಮುಟ್ಟಿದೊಡನೆ ಚಿಪ್ಪು ಬಂದ್. ಹಲವು ಜಾತಿಗಳ ಮೊಟ್ಟೆಗಳು ಕೆರೆ ಬತ್ತಿದರೂ ಒಣ ಕೆಸರಿನಲ್ಲಿ ಬದುಕುಳಿಯುತ್ತವೆ.

ಬೆಂಗಳೂರಿನ ಪೀಣ್ಯ, ವೈಟ್‌ಫೀಲ್ಡ್, ಎಲೆಕ್ಟ್ರಾನಿಕ್ ಸಿಟಿಗಳ ಅಡಿಯಲ್ಲಿರುವ ನೈಸ್ ಶಿಲೆ ಈ ವರ್ಗಕ್ಕಿಂತ ಬಹಳ ಹಳೆಯದು. ಅಲ್ಲಿ ಎಷ್ಟೇ ಆಳದ ಕೊಳವೆಬಾವಿ ಕೊರೆದರೂ ಆಸ್ಟ್ರಕಾಡ್ ಪಳೆಯುಳಿಕೆ ಸಿಗದು. ಬೆಂಗಳೂರಿನ ಮಟ್ಟಿಗೆ ಇದು ಜೀವಂತ ಪ್ರಾಣಿ: ಕೆರೆಗಳ ಪ್ರಾಣಿಪ್ಲವಕ ಸಮೀಕ್ಷೆಗಳಲ್ಲಿ ರೋಟಿಫರ್, ಕ್ಲಾಡೊಸೆರ, ಕೋಪಿಪಾಡ್‌ಗಳ ಜೊತೆ ಎಣಿಸುವ ಗುಂಪು. ಪಳೆಯುಳಿಕೆ ಬೇಕೆನ್ನುವವರು ಉತ್ತರಕ್ಕೆ ಹೋಗಬೇಕು. ಈಗ ಯಾದಗಿರಿ ಜಿಲ್ಲೆಗೆ ಸೇರಿದ ಗುರುಮಠಕಲ್ ಬಳಿ, ದಖನ್ ಲಾವಾ ಪದರಗಳ ನಡುವಿನ ಕೆರೆಮಣ್ಣಿನಲ್ಲಿ ಸಿಹಿನೀರಿನ ಆಸ್ಟ್ರಕಾಡ್ ಚಿಪ್ಪುಗಳು ಉಳಿದಿವೆ. ಪದರದ ವಯಸ್ಸು ತಿಳಿಯಲು, ನೀರು ಸಿಹಿಯೋ ಉಪ್ಪೋ ಎಂದು ಗುರುತಿಸಲು ಭೂವಿಜ್ಞಾನಿಗಳು ಇಂಥ ಚಿಪ್ಪುಗಳನ್ನೇ ನೆಚ್ಚುತ್ತಾರೆ; ತೈಲ ಶೋಧನೆಯಲ್ಲೂ ಇವು ಉಪಯುಕ್ತ.